ಬೆಳೆಯ ನಡುವೆ ಬಾಂದುಕಲ್ಲು

ನಾನು ಹರಿಹರದ ಒಂದು ಕಾಲೇಜಿನಲ್ಲಿ ಇತಿಹಾಸ ಹೇಳುವವಳು. ಮನೆ ದಾವಣಗೆರೆಯ ನಿಟ್ಟುವಳ್ಳಿಯಲ್ಲಿ. ನಿಟ್ಟುವಳ್ಳಿ ಒಂದು ಕಾಲಕ್ಕೆ ತನ್ನ ಪಾಡಿಗೆ ತಾನಿದ್ದ ಹಳ್ಳಿ. ದಾವಣಗೆರೆ ಬೆಳೆಯುತ್ತಾ ಬಂದು ಅದನ್ನು ನುಂಗಿ ನೀರು ಕುಡಿಯಿತು. ಸಾಮ್ರಾಜ್ಯ ವಿಸ್ತರಣೆಯ ಪಾಠ ಶುರುಮಾಡುವ ದಿನ ಈ ಮಾತು ಹೇಳಿ ಮಕ್ಕಳನ್ನು ನಗಿಸುತ್ತೇನೆ. ಅವರ ನಗು ಮುಗಿದ ಮೇಲೆ ನನ್ನ ಸಿಟ್ಟು ಶುರುವಾಗುತ್ತದೆ. ಆ ಪಾಠ ಮಾಡುವಾಗ ನನಗೆ ನಿಜವಾಗಿಯೂ ಮೈ ಉರಿಯುತ್ತದೆ. ಬಿ.ಪಿ. ಮಾತ್ರೆ ನುಂಗಿಯೇ ಆ ಕ್ಲಾಸಿಗೆ ಹೋಗು ಎಂದು ನನ್ನ ಗಂಡ ಛೇಡಿಸುವುದುಂಟು.

ಹರಿಹರದಲ್ಲಿ ಈ ಪಾಠಕ್ಕೆ ಒಂದು ಅನುಕೂಲವಿದೆ. ಪುಸ್ತಕ ಮುಚ್ಚಿಟ್ಟು ಮಕ್ಕಳನ್ನು ಹೊಳೆ ದಂಡೆಗೆ ಕರೆದುಕೊಂಡು ಹೋಗಬಹುದು. ತುಂಗಭದ್ರೆಯ ಈ ದಡ ಮೈಸೂರು ಸಂಸ್ಥಾನದ್ದಾಗಿತ್ತು, ಆ ದಡ ಮುಂಬಯಿ ಸರ್ಕಾರದ್ದು ಎಂದು ಕೈ ಚಾಚಿ ತೋರಿಸುತ್ತೇನೆ. ಈ ದಡ ಅರಸರದು ತಾನೇ, ಹಾಗಿದ್ದರೆ ಇಂಗ್ಲಿಷರ ದಂಡು ಇಲ್ಲೇ ಹರಿಹರದ ಪಕ್ಕದಲ್ಲಿ ಯಾಕೆ ಬೀಡು ಬಿಟ್ಟಿತ್ತು ಎಂದು ಕೇಳುತ್ತೇನೆ. ಲೂಟಿ ಮಾಡಲಿಕ್ಕೆ ಮೇಡಂ ಎಂದು ಯಾರಾದರೂ ಒಬ್ಬರು ಹೇಳಿಯೇ ಹೇಳುತ್ತಾರೆ. ಅಲ್ಲಪ್ಪಾ, ಕಾಪಾಡಲಿಕ್ಕೆ, ಅನ್ನುತ್ತೇನೆ. ಮಕ್ಕಳು ಪಿಳಿಪಿಳಿ ನೋಡುತ್ತಾರೆ. ಅರಸರನ್ನು ಕಾಪಾಡಲು ಬಂದ ದಂಡಿನ ಖರ್ಚು ಅರಸರೇ ಕೊಡಬೇಕು, ದಂಡು ಮಾತ್ರ ಕಂಪನಿಯ ಮಾತು ಕೇಳಬೇಕು. ಖರ್ಚು ಕೊಡಲಾಗದ ನವಾಬರು ಒಂದೊಂದೇ ಸೀಮೆ ಬಿಟ್ಟುಕೊಡುತ್ತಾ ಹೋದರು. ಇದಕ್ಕೆ ನಾನೇ ಮಾಡಿಕೊಂಡ ಒಂದು ಸೂತ್ರವಿದೆ. ಮೊದಲು ನೆರವು, ಆಮೇಲೆ ಕಾವಲು, ಕೊನೆಗೆ ನಕ್ಷೆ. ಪರೀಕ್ಷೆಯಲ್ಲಿ ಬೇರೇನು ಮರೆತರೂ ಮಕ್ಕಳು ಇದನ್ನು ಬರೆದು ಬರುತ್ತಾರೆ.

ಇದು ಬರೀ ನಮ್ಮ ದೇಶದ ಕಥೆಯಲ್ಲ. ಕಬ್ಬು ಬೆಳೆಯಲು ಹವಾಯಿ ದ್ವೀಪಕ್ಕೆ ಹೋದ ಸಕ್ಕರೆ ಸಾಹುಕಾರರ ಬೆನ್ನಿಗೆ ಅಮೆರಿಕದ ಸೈನಿಕರು ಬಂದು ನಿಂತರು, ಅಲ್ಲಿನ ರಾಣಿ ಸಿಂಹಾಸನ ಬಿಟ್ಟು ಇಳಿಯಬೇಕಾಯಿತು. ರೈಲು ಹಳಿ ಕಾಯಲು ನಿಂತ ಜಪಾನಿನ ಸೈನ್ಯ ಮಂಚೂರಿಯವನ್ನೇ ಇಟ್ಟುಕೊಂಡಿತು. ಯುರೋಪಿನವರು ಒಂದು ಮೇಜಿನ ಸುತ್ತ ಕೂತು, ಕಣ್ಣಾರೆ ಕಂಡೇ ಇರದ ಆಫ್ರಿಕಾವನ್ನು ಹಂಚಿಕೊಳ್ಳುವ ಲೆಕ್ಕಾಚಾರ ಮಾಡಿದರು. ಎಲ್ಲರ ಸಬೂಬೂ ಒಂದೇ. ಅವರೇ ಕರೆದರು. ನಾವು ಹೋಗದಿದ್ದರೆ ಇನ್ನೊಬ್ಬರು ಹೋಗುತ್ತಿದ್ದರು. ನಾವು ಹೋದ ಮೇಲೆ ಅಲ್ಲಿ ಉದ್ಧಾರವಾಯಿತು. ಈ ಮೂರನ್ನು ಬೋರ್ಡಿನ ಮೇಲೆ ಬರೆದಿಟ್ಟು, ಇವತ್ತಿನ ಟಿ.ವಿ. ಸುದ್ದಿ ನೋಡಿ ಟಿಕ್ ಹಾಕುತ್ತಾ ಬನ್ನಿ ಅನ್ನುತ್ತೇನೆ. ಮಾರನೇ ದಿನ ಮಕ್ಕಳು ಬೆರಗಾಗಿ ಬರುತ್ತಾರೆ. ಅವರು ಬೆರಗಾಗುವುದನ್ನು ನೋಡುವುದೆಂದರೆ ನನಗೆ ಖುಷಿ.

ಈ ಪಾಠ ಕೇಳಿದ ಮೊದಲ ವಿದ್ಯಾರ್ಥಿ ನನ್ನ ಅಪ್ಪ. ನಮ್ಮೂರು ಕುಕ್ಕುವಾಡ, ಭದ್ರಾ ಚಾನಲ್ ನೀರಿನಲ್ಲಿ ಭತ್ತ ಬೆಳೆಯುವವರು ನಾವು. ನಾನು ಬಿ.ಎ. ಓದುವಾಗ ಸಂಜೆ ಮನೆ ಮುಂದಿನ ಕಟ್ಟೆಯ ಮೇಲೆ ಕೂತು ಗಟ್ಟಿಯಾಗಿ ಓದುತ್ತಿದ್ದೆ. ಗದ್ದೆಯಿಂದ ಬಂದ ಅಪ್ಪ ಕಾಲು ತೊಳೆದುಕೊಂಡು ಪಕ್ಕದಲ್ಲಿ ಕೂತು ಕೇಳುತ್ತಿದ್ದರು. ಕಂಪನಿಯವರು ಸೀಮೆ ಸೀಮೆಯನ್ನೇ ನುಂಗುವ ಭಾಗ ಬಂದಾಗ ತಲೆ ಅಲ್ಲಾಡಿಸುತ್ತಾ, ನಂಬಿದವರ ಕುತ್ತಿಗೆ ಕುಯ್ಯುವುದೆಂದರೆ ಎಂಥ ಜನರವ್ವ ಇವರು, ಎಂದು ನೊಂದುಕೊಳ್ಳುತ್ತಿದ್ದರು. ಅಪ್ಪನ ಆ ಮುಖವನ್ನು ನೆನೆಸಿಕೊಂಡೇ ನಾನು ಇಷ್ಟು ವರ್ಷ ಪಾಠ ಮಾಡಿದ್ದೇನೆ.

ಆ ದಿನಗಳಲ್ಲೇ ನನ್ನ ಚಿಕ್ಕಪ್ಪ ತೀರಿಕೊಂಡರು. ಅಜ್ಜನ ಒಂದೇ ಗದ್ದೆ ಅಪ್ಪನಿಗೂ ಚಿಕ್ಕಪ್ಪನಿಗೂ ಎರಡು ಪಾಲಾಗಿತ್ತು, ನಡುವೆ ಒಂದು ಬದು. ಚಿಕ್ಕಪ್ಪನ ಹೆಂಡತಿಗೆ, ಅಂದರೆ ನಮ್ಮ ಚಿಗವ್ವನಿಗೆ, ಮಕ್ಕಳಿರಲಿಲ್ಲ. ಬಂಧುಗಳೆಲ್ಲ ಕೂತಿದ್ದಾಗ ಅಪ್ಪ ಎದ್ದು ನಿಂತು, ಅವಳ ಗದ್ದೆ ನಮ್ಮ ಗದ್ದೆಯ ಜೊತೆಗೇ ನಡೆಯುತ್ತದೆ, ಅವಳು ಯಾರ ಮುಂದೂ ಕೈಚಾಚಬೇಕಾಗಿಲ್ಲ ಎಂದರು. ನನ್ನ ಕಣ್ಣಲ್ಲಿ ನೀರು ಬಂದಿತ್ತು. ನಮ್ಮಪ್ಪನಂಥವರು ಊರಲ್ಲೇ ಇಲ್ಲ ಎಂದು ಎದೆಯುಬ್ಬಿಸಿಕೊಂಡು ತಿರುಗಿದೆ.

ಭತ್ತದ ಗದ್ದೆ ನೋಡದವರಿಗೆ ಒಂದು ಕೆಲಸ ಹೇಳಬೇಕು. ನಾಟಿಗೆ ಮುಂಚೆ, ಕೆಸರು ಮಾಡುವಾಗ, ಬದುವಿನ ಪಕ್ಕವನ್ನು ಸಲಿಕೆಯಿಂದ ಕೆತ್ತುತ್ತಾರೆ. ಹುಲ್ಲು ಹೋಗಬೇಕು, ಇಲಿಬಿಲ ಹೋಗಬೇಕು. ಕೆತ್ತಿದ ಮೇಲೆ ಹಸಿ ಕೆಸರನ್ನು ಎತ್ತಿ ಮೆತ್ತಿ ನುಣ್ಣಗೆ ಸವರುತ್ತಾರೆ. ಇಲ್ಲದಿದ್ದರೆ ನೀರು ಸೋರಿ ಪಕ್ಕದ ಗದ್ದೆಗೆ ಹೋಗುತ್ತದೆ. ಅವರವರ ಕಡೆಯದನ್ನು ಅವರವರು ಮಾಡಿಕೊಳ್ಳುವುದು ರೂಢಿ. ಚಿಕ್ಕಪ್ಪ ಹೋದ ಮೇಲೆ ಬದುವಿನ ಎರಡೂ ಕಡೆಯ ಕೆಲಸವನ್ನು ನಮ್ಮ ಮನೆಯವರೇ ಮಾಡತೊಡಗಿದರು. ಅದಕ್ಕೆ ಬದಲಾಗಿ ಚಿಗವ್ವ ತನ್ನ ಗದ್ದೆಯ ಹುಲ್ಲನ್ನು ನಮ್ಮ ದನಗಳಿಗೆ ಕೊಡುತ್ತಿದ್ದಳು. ಅಪ್ಪ ಹೋದ ಮೇಲೆ ಅಣ್ಣನೂ ಇದನ್ನು ಬಿಡದೆ ನಡೆಸಿಕೊಂಡು ಬಂದ.

ಹೋದ ವರ್ಷ ಸೀಗಿ ಹುಣ್ಣಿಮೆಗೆ ಮುಂಚೆ ಅಣ್ಣ ಫೋನ್ ಮಾಡಿದ. ಹಬ್ಬಕ್ಕೆ ಬಾ ಎಂದ. ಜೊತೆಗೆ ಇನ್ನೊಂದು ವಿಷಯ. ಚಿಗವ್ವನ ಗದ್ದೆಗೆ ಈಚೆಗೆ ನೀರು ಸರಿಯಾಗಿ ಹತ್ತುತ್ತಿಲ್ಲ, ಅವಳಿಗೂ ಕೈಲಾಗುವುದಿಲ್ಲ, ತನಗೇ ಬರೆದುಕೊಡಲು ಒಪ್ಪಿದ್ದಾಳೆ, ದಾವಣಗೆರೆಯ ಕೆ.ಬಿ. ಬಡಾವಣೆಯ ವಕೀಲರ ಹತ್ತಿರ ಮಾತೂ ಆಗಿದೆ ಎಂದ. ಆದರೆ ಚಿಗವ್ವ ಒಂದು ಹಟ ಹಿಡಿದಿದ್ದಳಂತೆ. ಓದಿದ ಮಗಳು ಪಕ್ಕದಲ್ಲಿ ನಿಂತು ಹೂಂ ಅಂದರೆ ಮಾತ್ರ ರುಜು ಹಾಕುತ್ತೇನೆ ಅಂದಳಂತೆ. ಓದಿದ ಮಗಳು ಅಂದರೆ ನಾನು. ನನಗೆ ಅದರಲ್ಲಿ ತಪ್ಪೇನೂ ಕಾಣಲಿಲ್ಲ. ನೀರು ಯಾಕೆ ಹತ್ತುತ್ತಿಲ್ಲ ಎಂದು ಕೇಳುವುದು ನನಗೆ ಹೊಳೆಯಲೂ ಇಲ್ಲ.

ಮದುವೆಯಾದ ಮೇಲೆ ನಾನು ಸೀಗಿ ಹುಣ್ಣಿಮೆಗೆ ಗದ್ದೆಗೆ ಹೋದವಳೇ ಅಲ್ಲ. ಯಾವಾಗಲೂ ಕಾಲೇಜು, ಇಲ್ಲವೇ ಪರೀಕ್ಷೆ. ಆ ಸಲ ಹಬ್ಬ ರಜೆಯ ದಿನವೇ ಬಂತು. ತೆನೆ ಒಳಗೇ ಬಲಿಯುತ್ತಾ ಪೈರು ಹೊಡೆ ತುಂಬಿಕೊಂಡು ನಿಂತಿರುತ್ತದೆ, ಭೂಮಿತಾಯಿ ಬಸುರಿ, ಅವಳ ಬಯಕೆ ತೀರಿಸಬೇಕೆಂದು ಕಡುಬು, ಬುತ್ತಿ, ಪಲ್ಯ ಎಲ್ಲಾ ಮಾಡಿಕೊಂಡು ಊರಿಗೆ ಊರೇ ಗದ್ದೆಗೆ ಹೋಗುತ್ತದೆ. ಐದು ಕಲ್ಲು ಇಟ್ಟು, ಸುಣ್ಣ ಹಚ್ಚಿ ಪೂಜೆ ಮಾಡುವುದು ಪದ್ಧತಿ. ಆಮೇಲೆ ಎಡೆಯ ಅನ್ನವನ್ನು ಕಲಸಿ, ಅವರವರ ಗದ್ದೆಯ ಎಲ್ಲೆಗುಂಟ ಕೂಗು ಹಾಕುತ್ತಾ ಚೆಲ್ಲಿಕೊಂಡು ಬರುವುದು. ಅದಕ್ಕೆ ಚರಗ ಚೆಲ್ಲುವುದು ಅನ್ನುತ್ತೇವೆ.

ನಮ್ಮ ಮನೆತನದಲ್ಲಿ ಒಂದು ವಿಶೇಷವಿತ್ತು. ನಾಲ್ಕು ಕಲ್ಲು ಎಲ್ಲಿಂದಲೋ ಹುಡುಕಿ ತರುವುದು. ಐದನೆಯದನ್ನು ತರುತ್ತಿರಲಿಲ್ಲ. ಎರಡು ಪಾಲಿನ ನಡುವಿನ ಬದುವಿನ ಮೇಲೆ ಅಜ್ಜ ಎಲ್ಲೆಗೆಂದು ನೆಡಿಸಿದ್ದ ಬಾಂದುಕಲ್ಲೇ ನಮ್ಮ ಐದನೇ ಕಲ್ಲು. ನಾವು ಚಿಕ್ಕವರಿದ್ದಾಗ ಈ ಕಡೆ ನಾವು, ಆ ಕಡೆ ಚಿಕ್ಕಪ್ಪ ಚಿಗವ್ವ ಕೂತು, ಎರಡೂ ಕಡೆಯಿಂದ ಅದಕ್ಕೆ ಕುಂಕುಮ ಹಚ್ಚುತ್ತಿದ್ದೆವು. ಕಡುಬು ಈ ಕೈಯಿಂದ ಆ ಕೈಗೆ ಕಲ್ಲಿನ ಮೇಲಿನಿಂದಲೇ ದಾಟುತ್ತಿತ್ತು. ನನಗೆ ಅದೆಲ್ಲಾ ಕಣ್ಣಿಗೆ ಕಟ್ಟಿದ ಹಾಗಿತ್ತು. ಅದಕ್ಕೇ ಹೂವಿನ ತಟ್ಟೆ ಹಿಡಿದು ಎಲ್ಲರಿಗಿಂತ ಮುಂದೆ ಬದುವಿನ ಮೇಲೆ ಹೊರಟೆ.

ಬದುವಿನ ಮೇಲೆ ಕಲ್ಲಿರಲಿಲ್ಲ.

ಹಿಂದೆ ಬರುತ್ತಿದ್ದ ಅತ್ತಿಗೆ ನನ್ನ ತೋಳು ಹಿಡಿದು, ಆ ಕಡೆ ಎಲ್ಲಿ ಹೊರಟಿರಿ, ಇತ್ತ ಬನ್ನಿ ಎಂದು ನಮ್ಮ ಗದ್ದೆಯೊಳಕ್ಕೇ ಇಳಿದರು. ಪೈರಿನ ನಡುವೆ ಒಬ್ಬರು ಹೋಗುವಷ್ಟು ದಾರಿ ಮಾಡಿದ್ದರು. ಒಂದು ಎತ್ತಿನ ಗಾಡಿ ನಿಲ್ಲುವಷ್ಟು ದೂರ ನಡೆದ ಮೇಲೆ, ಬೆಳೆಯ ನಡುವೆ, ಕೆಸರಿನಲ್ಲಿ ಕಾಲೂರಿ ಆ ಕಲ್ಲು ನಿಂತಿತ್ತು. ಹೊಸ ಸುಣ್ಣ ಬಳಿದಿದ್ದರು. ಕೊರಳಿಗೆ ಚೆಂಡುಹೂವಿನ ಸರ ಹಾಕಿದ್ದರು.

ಕಲ್ಲನ್ನು ಇಲ್ಲಿಗೆ ಯಾರು ತಂದು ನೆಟ್ಟರು ಎಂದು ಕೇಳಿದೆ. ಅತ್ತಿಗೆ ನನ್ನನ್ನು ವಿಚಿತ್ರವಾಗಿ ನೋಡಿದರು. ದೇವರಾದ ಕಲ್ಲನ್ನು ಯಾರಾದರೂ ಕೀಳುತ್ತಾರೇನು ಎಂದರು. ನಾನು ಕಾಲುವೆಯ ಕಡೆ ನೋಡಿದೆ. ಚಿಕ್ಕಂದಿನಲ್ಲಿ ಈ ಕಲ್ಲಿನ ಹತ್ತಿರ ನಿಂತು ನೆಟ್ಟಗೆ ನೋಡಿದರೆ ಕಾಲುವೆ ಏರಿಯ ಹೊಂಗೆ ಮರ ಕಾಣುತ್ತಿತ್ತು. ಅಲ್ಲಿಗೇ ಬದು ಹೋಗಿ ಮುಟ್ಟುತ್ತಿತ್ತು. ಈಗಲೂ ಮರ ನೆಟ್ಟಗೇ ಇತ್ತು. ಕಲ್ಲು ಅಲ್ಲಾಡಿರಲಿಲ್ಲ, ಮರ ಅಲ್ಲಾಡಿರಲಿಲ್ಲ. ನಡೆದು ಹೋಗಿದ್ದು ಬದು.

ಹೇಗಾಯಿತೆಂಬುದು ಆ ಕೆಸರಿನಲ್ಲಿ ನಿಂತಲ್ಲೇ ತಿಳಿದುಹೋಯಿತು. ಪ್ರತಿ ಬೆಳೆಗೂ ನಮ್ಮ ಕಡೆ ಕೆತ್ತಿದ್ದಾರೆ, ಮಣ್ಣನ್ನು ಅವಳ ಕಡೆ ಮೆತ್ತಿದ್ದಾರೆ. ಒಂದು ಸಲಕ್ಕೆ ಅಂಗೈ ಅಗಲ. ಬದುವಿನ ದಪ್ಪ ಹೆಚ್ಚುಕಮ್ಮಿಯಾಗುವುದಿಲ್ಲ, ನೋಡಿದವರಿಗೆ ಗೊತ್ತೂ ಆಗುವುದಿಲ್ಲ. ಹೊಂಗೆ ಮರದ ಪಕ್ಕದಲ್ಲಿ ಅವಳ ಪಾಲಿಗಿದ್ದ ತೂಬು, ಕಾಲುವೆಯ ನೀರು ಗದ್ದೆಗೆ ಇಳಿಯುವ ಬಾಯಿ, ಅದೂ ಈಗ ನಮ್ಮ ಬದುವಿನ ಒಳಗೆ ಬಂದಿತ್ತು. ನೀರು ಹತ್ತುತ್ತಿಲ್ಲ ಎಂದು ಅಣ್ಣ ಫೋನಿನಲ್ಲಿ ಹೇಳಿದ್ದರ ಅರ್ಥ ಇದು.

ನನಗೆ ನಂಬಲಾಗದ್ದು ಇನ್ನೊಂದಿತ್ತು. ಬದು ಸರಿಸಿದವರಿಗೆ ಕಲ್ಲು ಕೀಳುವುದು ಎಷ್ಟರ ಕೆಲಸ? ಒಂದು ಹಾರೆ ಸಾಕು. ಆದರೆ ಪೂಜೆಯಾದ ಕಲ್ಲಿಗೆ ಹಾರೆ ಹಾಕಲು ಯಾರಿಗೂ ಧೈರ್ಯವಾಗಲಿಲ್ಲ. ಕಳವಿನ ಗುರುತಿಗೆ ವರ್ಷವರ್ಷವೂ ತಾವೇ ಸುಣ್ಣ ಬಳಿದು, ಹೂ ಏರಿಸಿ, ಊರೆಲ್ಲಾ ನೋಡುವಂತೆ ಕೈಮುಗಿದಿದ್ದರು.

ಅಣ್ಣ ಬುತ್ತಿಯ ಬುಟ್ಟಿ ಹೊತ್ತು ಬಂದ. ನಾನು ಕಲ್ಲನ್ನೂ ಬದುವನ್ನೂ ತೋರಿಸಿ ಇದೇನು ಎಂದು ಕೇಳಿದೆ. ಅವನು ತಡವರಿಸುತ್ತಾನೆ, ಸುಳ್ಳು ಹೇಳುತ್ತಾನೆ ಎಂದುಕೊಂಡಿದ್ದೆ. ಅವನ ಮುಖದಲ್ಲಿ ಅಳುಕೇ ಇರಲಿಲ್ಲ.

"ನಾವೇನು ಬಲವಂತ ಮಾಡಿವಾ? ನೋಡ್ಕೊಳ್ರಿ ಅಂತ ಚಿಗವ್ವನೇ ಅಂದಿದ್ಲು. ನಾವು ನೋಡ್ಕೊಳ್ಳದಿದ್ರೆ ಆ ಕಡೆ ಗದ್ದೆಯೋರು ಯಾವತ್ತೋ ನುಂಗ್ತಿದ್ರು. ನಮ್ಮ ಕೈಗೆ ಬಂದ್ಮೇಲೆ ಆ ಮಣ್ಣಾಗೆ ಎಂಥಾ ಫಸಲು ಬರ್ತೈತೆ ನೋಡು."

ಬೋರ್ಡಿನ ಮೇಲೆ ನಾನು ಬರೆಯುವ ಮೂರು ಸಾಲು, ಬರೆದ ಅದೇ ಕ್ರಮದಲ್ಲಿ, ನನ್ನ ಒಡಹುಟ್ಟಿದವನ ಬಾಯಿಂದ ಬಂದಿದ್ದವು. ಅವನು ನನ್ನ ಪಾಠ ಕೇಳಿದವನಲ್ಲ, ಹತ್ತನೇ ಕ್ಲಾಸಿಗೇ ಓದು ಬಿಟ್ಟವನು. ಯಾವ ಮಂತ್ರಿಯೂ ಅವನಿಗೆ ಹೇಳಿಕೊಟ್ಟಿಲ್ಲ. ಇಷ್ಟು ವರ್ಷ ನಾನು ಆ ಮಾತುಗಳನ್ನು ಸಮುದ್ರದಾಚೆಯ ಜನ ಹಡಗಿನಲ್ಲಿ ತಂದ ಸಾಮಾನು ಎಂಬಂತೆ ಹೇಳುತ್ತಿದ್ದೆ.

ಯಾವಾಗಿನಿಂದ ಎಂದು ಕೇಳಿದೆ. ಕೇಳಬಾರದಿತ್ತು.

"ನಂದೇನೈತೆ? ಅಪ್ಪ ಹಾಕಿಕೊಟ್ಟ ದಾರಿ."

ಕಟ್ಟೆಯ ಮೇಲೆ ಕೂತು ತಲೆ ಅಲ್ಲಾಡಿಸುತ್ತಿದ್ದ ಅಪ್ಪ ಕಣ್ಣಮುಂದೆ ಬಂದರು. ಕಾಲು ತೊಳೆದುಕೊಂಡು ಬರುತ್ತಿದ್ದರಲ್ಲ, ಯಾವ ಕೆಸರನ್ನು ತೊಳೆದುಕೊಂಡು ಬರುತ್ತಿದ್ದರು? ಕಂಪನಿಯವರನ್ನು ಅವರು ಬೈದದ್ದು ಸುಳ್ಳೆಂದು ನನಗೆ ಇವತ್ತಿಗೂ ಅನ್ನಿಸುವುದಿಲ್ಲ. ಮನಸಾರೆ ಬೈದಿದ್ದರು. ಅದೇ ನನ್ನನ್ನು ಇನ್ನೂ ಹೆದರಿಸುತ್ತದೆ. ಪ್ರತಿ ಸುಗ್ಗಿಗೂ ನಿಟ್ಟುವಳ್ಳಿಯ ನನ್ನ ಮನೆಗೆ ಬರುತ್ತಿದ್ದ ಅಕ್ಕಿ ಚೀಲ ನೆನಪಾಯಿತು. ನಾನು ಕಾಲುವೆ ಏರಿ ಹತ್ತಿ ಹೊಂಗೆ ಮರದಡಿ ಕೂತುಬಿಟ್ಟೆ.

ಅಷ್ಟು ಹೊತ್ತಿಗೆ ಚಿಗವ್ವ ಬಂದಳು. ಸಣ್ಣ ಬುಟ್ಟಿಯಲ್ಲಿ ಚರಗ, ಒಂದು ತಂಬಿಗೆ ನೀರು. ನನ್ನನ್ನು ಕಂಡು ಮುಖವರಳಿಸಿದಳು, ಯಾಕೆ ಬಿಳುಚಿಕೊಂಡಿದ್ದೀಯ ಎಂದು ಹಣೆ ಮುಟ್ಟಿ ನೋಡಿದಳು. ನಾನು ಅವಳ ಕೈ ಹಿಡಿದು ಪಕ್ಕದಲ್ಲಿ ಕೂಡಿಸಿಕೊಂಡು ಎಲ್ಲಾ ಹೇಳಿದೆ. ಬದು ಹೇಗೆ ಸರಿಯಿತು, ತೂಬು ಹೇಗೆ ಒಳಗೆ ಹೋಯಿತು, ನೀರು ಯಾಕೆ ಹತ್ತುತ್ತಿಲ್ಲ, ಎಲ್ಲಾ. ಮಕ್ಕಳಿಗೆ ಬಿಡಿಸಿ ಹೇಳುವ ಹಾಗೆ ಹೇಳಿದೆ. ರುಜು ಹಾಕಬೇಡ, ನಾನು ಹೂಂ ಅನ್ನುವುದಿಲ್ಲ ಎಂದೆ. ಅವಳು ಕುಸಿದುಹೋಗುತ್ತಾಳೆ ಎಂದು ಹೆದರಿ ಭುಜ ಹಿಡಿದುಕೊಂಡಿದ್ದೆ. ಅವಳು ಪೈರಿನ ಕಡೆ ನೋಡುತ್ತಾ ಕೂತಿದ್ದಳು.

"ನಂಗೆ ಮೊದಲಿಂದ್ಲೂ ಗೊತ್ತೈತವ್ವ," ಎಂದಳು. "ಬಾಯಿ ಬಿಟ್ರೆ ನೀರು ನಿಲ್ತಿತ್ತು."

ಈ ಮಾತಿಗೆ ನಾನು ಬೆಚ್ಚಿಬಿದ್ದಷ್ಟು ಕಲ್ಲನ್ನು ಕಂಡಾಗಲೂ ಬೆಚ್ಚಿರಲಿಲ್ಲ. ಅಂಗೈ ಅಂಗೈಯಾಗಿ ತನ್ನ ನೆಲ ಹೋಗುವುದನ್ನು ನೋಡುತ್ತಾ, ಹೋದ ನೆಲದ ಕಲ್ಲಿಗೆ ಹೂ ಇಡುತ್ತಾ, ಕಸಿದವರ ದನಕ್ಕೆ ಹುಲ್ಲು ಹಾಕುತ್ತಾ ಅವಳು ಇಷ್ಟು ವರ್ಷ ಇದ್ದಳು. ಮತ್ತೆ ಈಗ ಪೂರಾ ಬರೆದುಕೊಡಲು ಒಪ್ಪಿದ್ದು ಯಾಕೆ ಎಂದು ಸಿಟ್ಟಿನಿಂದಲೇ ಕೇಳಿದೆ. ಎಷ್ಟು ದಿನ ನಿಮ್ಮಣ್ಣನಿಗೆ ಫೋನ್ ಮಾಡಿ ಬೇಡಿಕೊಂಡು ನೀರು ತಿರುವಿಕೊಳ್ಳಲಿ, ಸಾಕಾಗಿದೆ ಎಂದಳು. ಆಮೇಲೆ ಸೆರಗಿನಿಂದ ಮೂಗು ಒರೆಸಿಕೊಂಡು ನನ್ನನ್ನೇ ಕೇಳಿದಳು.

"ಬರ್ಕೊಟ್ಮೇಲೆ ಸೀಗಿ ಹುಣ್ಣಿಮೆಗೆ ಎಲ್ಲಿಗೆ ಬರ್ಲವ್ವ ನಾನು?"

ಸುತ್ತ ಗದ್ದೆಗಳಲ್ಲಿ ಚರಗದ ಕೂಗು ಎದ್ದಿತ್ತು. ಎಲ್ಲರೂ ಅವರವರ ಎಲ್ಲೆಯ ಮೇಲೆ ಚೆಲ್ಲುತ್ತಾ ನಡೆಯುತ್ತಿದ್ದರು. ನಾನು ಎದ್ದು ಅವಳ ನೀರಿನ ತಂಬಿಗೆ ತೆಗೆದುಕೊಂಡೆ. ಚರಗ ಎಲ್ಲಿ ಚೆಲ್ಲಬೇಕೋ ಅಲ್ಲಿ ಚೆಲ್ಲು ಚಿಗವ್ವ, ನಾನು ಹಿಂದೆ ನೀರು ಹಾಕುತ್ತಾ ಬರುತ್ತೇನೆ ಎಂದೆ. ಅವಳು ಬುಟ್ಟಿಯನ್ನು ಸೊಂಟಕ್ಕೆ ಒತ್ತಿಕೊಂಡು, ಬದುವಿನ ಕಡೆ ಹೋಗದೆ, ಹೊಂಗೆ ಮರದಿಂದ ನೆಟ್ಟಗೆ ನಮ್ಮ ಪೈರಿನೊಳಕ್ಕೆ ಇಳಿದಳು.

ಹೊಡೆ ತುಂಬಿದ ಪೈರು ಅವಳ ಕಾಲಡಿ ಮಲಗುತ್ತಾ ಹೋಯಿತು. ಅವಳ ಕೂಗು ಮೊದಲು ಸಣ್ಣಗಿತ್ತು, ಕಲ್ಲಿನ ಹತ್ತಿರ ಬರುವ ಹೊತ್ತಿಗೆ ಬಿಚ್ಚಿತು. ಅಣ್ಣ ಓಡಿಬಂದ. ಅವನ ಬಾಯಲ್ಲಿ ಮಾತಿತ್ತು, ಆದರೆ ಚರಗ ಹೊತ್ತವರನ್ನು ತಡೆಯುವುದು ನಮ್ಮಲ್ಲಿಲ್ಲ. ಅಕ್ಕಪಕ್ಕದ ಗದ್ದೆಯವರು ಕೂಗು ನಿಲ್ಲಿಸಿ ನೋಡುತ್ತಿದ್ದರು. ಕಲ್ಲು ದಾಟಿ ಆ ತುದಿಯವರೆಗೆ ಅವಳು ಚೆಲ್ಲಿದಳು. ನಾನು ಹಿಂದಿನಿಂದ ನೀರು ಚಿಮುಕಿಸುತ್ತಾ ಹೋದೆ. ತಿರುಗಿ ನೋಡಿದರೆ ಹೊಂಗೆ ಮರದಿಂದ ಕಲ್ಲಿಗೆ, ಕಲ್ಲಿನಿಂದ ತುದಿಗೆ, ಹಳೆಯ ಬದು ಇದ್ದ ಕಡೆ ಬೆಳೆಯಲ್ಲಿ ಒಂದು ಬೈತಲೆ ಬಿದ್ದಿತ್ತು.

ಊರೆಲ್ಲಾ ನೋಡಿದ ಮೇಲೆ ಅಣ್ಣನಿಗೆ ಹೇಳಲು ಏನೂ ಉಳಿಯಲಿಲ್ಲ. ನಾನು ಸಾಕ್ಷಿಗೆ ಹೋಗಲಿಲ್ಲ, ಚಿಗವ್ವ ರುಜು ಹಾಕಲಿಲ್ಲ. ಹಿರಿಯರು ನಾಲ್ಕು ಜನ ಕೂತು ಹೇಳಿದ ಮೇಲೆ ಬೇಸಿಗೆಯಲ್ಲಿ ಬದು ವಾಪಸು ಕಲ್ಲಿನ ಸಾಲಿಗೆ ಬಂತು. ಅಣ್ಣ ನನ್ನ ಜೊತೆ ಮಾತು ಬಿಟ್ಟ. ಅಕ್ಕಿ ಚೀಲವೂ ನಿಂತಿತು. ಹೊಳೆ ದಂಡೆಯ ಪಾಠವನ್ನು ಈ ವರ್ಷವೂ ಮಾಡಿದೆ. ಆದರೆ ಮೂರು ಸಾಲು ಬರೆಯುವಾಗ ಅಣ್ಣನ ದನಿ ಕೇಳಿ ಸೀಮೆಸುಣ್ಣ ನಿಂತುಬಿಟ್ಟಿತು. ಮಕ್ಕಳು ಹುಷಾರಿಲ್ಲವೇನು ಮೇಡಂ ಎಂದು ಕೇಳಿದರು.

ಈ ಮುಂಗಾರಿನಲ್ಲಿ ಚಾನಲ್‌ಗೆ ನೀರು ಬಿಟ್ಟರೆಂದು ತಿಳಿದು ಕುಕ್ಕುವಾಡಕ್ಕೆ ಹೋದೆ. ಚಿಗವ್ವ ತನ್ನ ತೂಬಿನಿಂದ ತಾನು ನೀರು ತಿರುವಿಕೊಳ್ಳುವುದನ್ನು ಕಣ್ಣಾರೆ ನೋಡಬೇಕಿತ್ತು. ಹೊಂಗೆ ಮರದ ಹತ್ತಿರ ಅವಳು ಸಲಿಕೆ ಊರಿಕೊಂಡು ನಿಂತಿದ್ದಳು. ತೂಬು ಅವಳದ್ದು, ಬದು ಅವಳದ್ದು, ಕಾಲುವೆ ತುಂಬಿ ಹರಿಯುತ್ತಿತ್ತು. ಅವಳು ಮಾತ್ರ ಮೊಬೈಲನ್ನು ಕಿವಿಗೆ ಒತ್ತಿಕೊಂಡು ಕಾಯುತ್ತಿದ್ದಳು. ಕೂಲಿಯವರಿಗೆ ಫೋನ್ ಮಾಡಿದ್ದಾಳೆ ಎಂದುಕೊಂಡೆ.

"ನೀರು ತಿರುವ್ಕೊಳ್ಳೇನಪ್ಪಾ?" ಎಂದು ಅವಳು ಕೇಳಿದ್ದು ಕೇಳಿಸಿತು.

ನಾನು ದಂಗಾಗಿ ಅವಳ ಕೈ ಹಿಡಿದೆ. ಇದು ನಿನ್ನದು, ಯಾರನ್ನು ಕೇಳುತ್ತಿದ್ದೀಯ ಎಂದೆ. ಗೊತ್ತಿದೆ, ಸುಮ್ಮನಿರು ಎಂದು ಕಣ್ಣಿನಲ್ಲೇ ಗದರಿಸಿ ಅವಳು ನನ್ನ ಕೈ ಬಿಡಿಸಿಕೊಂಡಳು. ಫೋನಿನೊಳಗಿಂದ ಅಣ್ಣನ ದನಿ ಬಂತು, ಬಹಳ ದಿನದ ಮೇಲೆ ಕೇಳಿದ ದನಿ, ತಣ್ಣಗಿತ್ತು, ಧಾರಾಳವಾಗಿತ್ತು.

"ತಿರುವ್ಕೋ ಚಿಗವ್ವ, ತಿರುವ್ಕೋ."

ಆಮೇಲೆ ಅವಳು ಬಗ್ಗಿ ತೂಬಿನ ಬಾಯಿಯ ಮಣ್ಣು ಕಡಿದಳು.